ಅಲೆಯೊಕ್ಕಲಿನ ದೀಕ್ಷೆ ಕೆಟ್ಟರೆ ಹೊಣೆ ಯಾರು?

ಪ್ರಶ್ನೆ

ನಾನು ಡೊಂಬಿವಲಿಯವಳು. ಕೆಲಸಕ್ಕೆ ಹೋಗಿಬರುವ ಲೋಕಲ್‌ನಲ್ಲೇ ಕೂತು ಒಂದು ಕಾದಂಬರಿ ಬರೆಯುತ್ತಿದ್ದೇನೆ. ಪೂರ್ತಿ ಕಲ್ಪನೆಯ ನಾಡು ಅದು. ಅಲ್ಲಿ ‘ಅಲೆಯೊಕ್ಕಲು’ ಎಂಬ ಗೂಢ ಪಂಥವಿದೆ. ಕಡಲಲ್ಲಿ ಮುಳುಗಿ ಸತ್ತವರ ದನಿ ನೀರಿಳಿದಾಗ ‘ಕೇಳ್ಗಲ್ಲು’ ಎಂಬ ಬಂಡೆಯ ಮೇಲೆ ಕೇಳಿಸುತ್ತದೆ; ಅದನ್ನು ಕೇಳಿಸಿಕೊಂಡು ಸತ್ತವರ ಮನೆಗೆ ಮುಟ್ಟಿಸುವುದು ಇವರ ಕಾಯಕ. ದೀಕ್ಷೆ ಅಮಾವಾಸ್ಯೆಯ ನಡುರಾತ್ರಿ, ನೀರು ಸರಿದ ಮರಳಿನ ಮೇಲೆ. ಬಿಳಿ ನಿಲುವಂಗಿ, ತಲೆಯ ಮೇಲೆ ದೀಪ, ಏಳು ಬೊಗಸೆ ಕಡಲನೀರು ಕುಡಿಯುವುದು, ಕಿವಿಯಲ್ಲಿ ಗುರುವಿನ ಮಂತ್ರ, ಹನ್ನೆರಡು ವ್ರತ. ಏಳುನೂರು ವರ್ಷಗಳಲ್ಲಿ ಯಾರೂ ವ್ರತ ಮುರಿದಿಲ್ಲ. ನಮ್ಮ ಓದುಗರ ಗುಂಪಿನಲ್ಲಿ ಓದಿದಾಗ, ‘ಚೆನ್ನಾಗಿದೆ, ಆದರೆ ಇವರು ನಂಬಿದವರ ಹಾಗೆ ಕಾಣುವುದಿಲ್ಲ, ವೇಷ ಹಾಕಿದವರ ಹಾಗಿದ್ದಾರೆ’ ಅಂದರು. ಇನ್ನಷ್ಟು ಆಚರಣೆ, ಒಂದು ಗುಪ್ತಭಾಷೆ ಸೇರಿಸಲೇ? ನಮ್ಮ ಸುತ್ತಲಿನ ಪಂಥಗಳಿಂದ ಎಷ್ಟು ತೆಗೆದುಕೊಳ್ಳಬಹುದು?

ಉತ್ತರ

ಏನನ್ನೂ ಸೇರಿಸಬೇಡಿ. ಪತ್ರದ ಜೊತೆ ನೀವು ಕಳಿಸಿದ ಕರಡಿನಲ್ಲೇ ಒಂದು ಒಳ್ಳೆಯ ಪಂಥಕ್ಕೆ ಬೇಕಾದ ಸಾಮಗ್ರಿ ಇದೆ. ಸತ್ತವರ ಮಾತನ್ನು ಬದುಕಿದವರಿಗೆ ಮುಟ್ಟಿಸುವ ಜನ ಅನ್ನುವ ಕಲ್ಪನೆ ನನ್ನನ್ನು ಹಿಡಿದು ನಿಲ್ಲಿಸಿತು. ನಿಮ್ಮ ಗೆಳೆಯರಿಗೆ ಕೊರತೆ ಅನ್ನಿಸಿದ್ದು ಎಲ್ಲಿ ಎಂದು ಹುಡುಕಿದರೆ ಅದು ನಿಮ್ಮ ಒಂದೇ ವಾಕ್ಯದಲ್ಲಿ ಸಿಗುತ್ತದೆ: ‘ಏಳುನೂರು ವರ್ಷಗಳಲ್ಲಿ ಯಾರೂ ವ್ರತ ಮುರಿದಿಲ್ಲ.’

ಪುಣೆಯಲ್ಲಿದ್ದುಕೊಂಡು ಇಲ್ಲಿನ ಮತ್ತು ಕರ್ನಾಟಕದ ಪಂಥಗಳ ಆಚರಣೆಗಳನ್ನು ನೋಡುವುದು, ಓದುವುದು, ಪಾಠ ಹೇಳುವುದು ನನ್ನ ಕೆಲಸ. ಇಷ್ಟು ಕಾಲದಲ್ಲಿ ಕೆಡಲಾರದ ಆಚರಣೆ ಒಂದನ್ನೂ ಕಂಡಿಲ್ಲ. ಆಚರಣೆಗೆ ತೂಕ ಬರುವುದೇ ಅದು ಕೆಡಬಹುದು ಅನ್ನುವುದರಿಂದ. ಕೆಡುತ್ತದೆ ಎಂಬ ಭಯ, ಕೆಟ್ಟರೆ ಏನು ಮಾಡಬೇಕೆಂಬ ಕಟ್ಟಳೆ, ಅದರ ದಂಡ ಯಾರು ತೆರಬೇಕೆಂಬ ಜಗಳ, ಈ ಮೂರೂ ಇದ್ದಲ್ಲಿ ಜನ ನಂಬಿದ್ದಾರೆ ಎಂದು ಓದುಗರಿಗೆ ಹೇಳಬೇಕಾಗಿಯೇ ಇಲ್ಲ. ನಂಬದವರು ತಪ್ಪಿಗೆ ಯಾಕೆ ಹೆದರುತ್ತಾರೆ?

ಬೌದ್ಧ ಭಿಕ್ಷುಗಳ ನಿಯಮಗಳನ್ನು ನೋಡಿ. ವಿನಯವೆಂಬ ಪಾಳಿ ಭಾಷೆಯ ಕಟ್ಟಳೆಗ್ರಂಥದಲ್ಲಿ ಭಿಕ್ಷುವಿಗೆ 227 ನಿಯಮಗಳಿವೆ, ಮತ್ತು ಹೆಚ್ಚುಕಮ್ಮಿ ಪ್ರತಿ ನಿಯಮದ ಹಿಂದೆ ಒಂದು ಕತೆಯಿದೆ. ಯಾರೋ ಒಬ್ಬ ಭಿಕ್ಷು ಏನೋ ಒಂದು ಮಾಡಿದ, ಊರವರು ಆಡಿಕೊಂಡರು, ದೂರು ಬುದ್ಧನ ಕಿವಿಗೆ ಬಿತ್ತು, ಆಮೇಲೆ ನಿಯಮ ಬಂತು. ಮೊದಲು ತಪ್ಪು, ಅದರ ಬೆನ್ನಿಗೆ ಕಟ್ಟಳೆ. ಈ ನಿಯಮಗಳನ್ನು ಹುಣ್ಣಿಮೆ, ಅಮಾವಾಸ್ಯೆಗಳಂದು ಸಂಘದ ಮುಂದೆ ಒಂದೊಂದಾಗಿ ಪಠಿಸುತ್ತಾರೆ. ಮುರಿದವರು ಹೇಳಿಕೊಂಡು ಶುದ್ಧರಾಗಬೇಕು. ಬೊರಿವಲಿಯ ಕಾಡಿನೊಳಗಿನ ಕಾನ್ಹೇರಿ ಗುಹೆಗಳಿಗೆ ಹೋದಾಗ ಹನ್ನೊಂದನೆಯ ಗುಹೆಯಲ್ಲಿ ಎರಡು ಉದ್ದನೆಯ, ತಗ್ಗಾದ ಕಲ್ಲಿನ ಜಗಲಿಗಳನ್ನು ಕಾಣುತ್ತೀರಿ. ಸಂಘ ಸಾಲಾಗಿ, ಎದುರುಬದುರು ಕೂರುವ ಜಾಗ ಅದು. ಎದುರಿಗೆ ಕೂತವನ ಮುಖ ಕಾಣುವಂತೆ ಕೂತು, ‘ನಾನು ತಪ್ಪಿದೆ’ ಎಂದು ಹೇಳುವುದು ಹೇಗಿದ್ದೀತು ಎಂದು ಅಲ್ಲಿ ಸ್ವಲ್ಪ ಹೊತ್ತು ಯೋಚಿಸಿ.

ಆದ್ದರಿಂದ ನಿಮ್ಮ ಹನ್ನೆರಡು ವ್ರತಗಳ ಪಟ್ಟಿಯನ್ನು ಪಕ್ಕಕ್ಕಿಟ್ಟು, ಪ್ರತಿಯೊಂದರ ಎದುರಿಗೂ ಅದನ್ನು ಮೊದಲು ಮುರಿದವನ ಹೆಸರು ಬರೆಯಿರಿ. ‘ಅಲೆಯೊಕ್ಕಲಿನವರು ಕೇಳಿದ ದನಿಯನ್ನು ಬರೆದಿಡಬಾರದು’ ಎಂದಿದ್ದೀರಲ್ಲ, ಯಾಕೆ? ಯಾರೋ ಬರೆದಿಟ್ಟಿದ್ದ. ಆ ಬರಹ ಯಾರದೋ ಕೈಗೆ ಸಿಕ್ಕಿತು. ಒಂದು ಮನೆ ಹಾಳಾಯಿತು. ಹನ್ನೆರಡಕ್ಕೂ ಕತೆ ಹುಟ್ಟದಿದ್ದರೆ ಆ ವ್ರತಗಳನ್ನು ಬಿಟ್ಟುಬಿಡಿ. ಐದೇ ಉಳಿದರೂ ಚಿಂತೆಯಿಲ್ಲ.

ಇನ್ನು ದೀಕ್ಷೆಯ ರಾತ್ರಿಗೆ ಬರೋಣ. ಇಲ್ಲಿ ನಿಮ್ಮ ಕಡಲೇ ನಿಮಗೆ ಅಡ್ಡ ಬರುತ್ತಿದೆ. ನೀವು ನೋಡಿ ಬೆಳೆದ ಮುಂಬಯಿಯ ಕಡಲನ್ನೇ ಮನಸ್ಸಿನಲ್ಲಿಟ್ಟು ಬರೆದಿದ್ದರೆ, ಅಮಾವಾಸ್ಯೆಯ ನಡುರಾತ್ರಿ ಅಲ್ಲಿ ಮರಳು ಇರುವುದಿಲ್ಲ, ತುಂಬಿದ ನೀರು ಇರುತ್ತದೆ. ಮುಂಬಯಿಯಲ್ಲಿ ಅಮಾವಾಸ್ಯೆ, ಹುಣ್ಣಿಮೆಗಳ ಹೊತ್ತಿಗೆ ಉಬ್ಬರದ ತುದಿ ಬರುವುದು ಹೆಚ್ಚುಕಮ್ಮಿ ಮಧ್ಯಾಹ್ನ ಹನ್ನೆರಡಕ್ಕೆ ಮತ್ತು ನಡುರಾತ್ರಿ ಹನ್ನೆರಡಕ್ಕೆ. ನೀರು ಪೂರ್ತಿ ಇಳಿಯುವುದು ಬೆಳಗ್ಗೆ ಆರರ ಸುಮಾರಿಗೆ, ಸಂಜೆ ಆರರ ಸುಮಾರಿಗೆ. ಇದು ಬೆಸ್ತರ ಕೇರಿಯಾದ ಕೋಳಿವಾಡದ ಮಕ್ಕಳಿಗೂ ಗೊತ್ತು. ಪ್ರತಿದಿನ ಈ ಹೊತ್ತು ಸುಮಾರು 50 ನಿಮಿಷ ಮುಂದೆ ಸರಿಯುತ್ತದೆ. ದೊಡ್ಡ ಉಬ್ಬರ, ದೊಡ್ಡ ಇಳಿತ ಅಮಾವಾಸ್ಯೆ, ಹುಣ್ಣಿಮೆಗಳ ಆಸುಪಾಸು. ಅಷ್ಟಮಿಯ ಹೊತ್ತಿಗೆ ಏರಿಳಿತ ಚಿಕ್ಕದಾಗುತ್ತದೆ, ನೀರು ಹೆಚ್ಚು ಏರುವುದೂ ಇಲ್ಲ, ಹೆಚ್ಚು ಸರಿಯುವುದೂ ಇಲ್ಲ. ಹಾಜಿ ಅಲಿ ದರ್ಗಾಕ್ಕೆ ಹೋಗುವ ದಾರಿ ಉಬ್ಬರದಲ್ಲಿ ಮುಳುಗಿ ಇಳಿತದಲ್ಲಿ ತೆರೆದುಕೊಳ್ಳುವುದನ್ನು ನೀವು ನೋಡಿರುತ್ತೀರಿ.

‘ನನ್ನದು ಕಲ್ಪನೆಯ ನಾಡು, ಅಲ್ಲಿ ಚಂದ್ರ ಬೇರೆ’ ಎಂದು ನೀವು ಹೇಳಬಹುದು. ಹೇಳುವ ಹಕ್ಕು ನಿಮಗಿದೆ. ಆದರೆ ಈ ಲೆಕ್ಕವನ್ನು ಒಪ್ಪಿಕೊಂಡರೆ ಅದು ನಿಮಗೆ ಏನೇನು ಕೊಡುತ್ತದೆ ನೋಡಿ.

ಮೊದಲನೆಯದು, ದೀಕ್ಷೆ ನಡುರಾತ್ರಿ ಬೇಡ, ಅಮಾವಾಸ್ಯೆಯ ಮುಸ್ಸಂಜೆ ಇರಲಿ. ನೀರು ಸರಿದಿದೆ, ಇನ್ನೂ ಬೆಳಕಿದೆ, ಎಲ್ಲರೂ ನಡೆದು ಬಂಡೆಗೆ ಹೋಗುತ್ತಾರೆ. ಆಚರಣೆ ಶುರುವಾಗುವ ಹೊತ್ತಿಗೆ ಇಳಿತದ ತುದಿ. ಅಲ್ಲಿಂದ ಕತ್ತಲೆಯೂ ನೀರೂ ಒಟ್ಟಿಗೆ ಏರುತ್ತವೆ. ಈಗ ತಲೆಯ ಮೇಲಿನ ದೀಪಕ್ಕೆ ಕೆಲಸ ಬಂತು. ಆಚರಣೆ ತಡವಾದರೆ ದಾರಿ ಮುಚ್ಚಿಹೋಗುತ್ತದೆ. ತಡ ಯಾರಿಂದ ಆಯಿತು? ಮಂತ್ರ ಮರೆತ ಗುರುವಿನಿಂದಲೋ, ಹೆದರಿ ನಿಂತ ಹುಡುಗಿಯಿಂದಲೋ? ದಾರಿ ಮುಚ್ಚಿದ ಮೇಲೂ ದೀಕ್ಷೆ ಮುಗಿಸಿದರೆ ಅದು ಸಲ್ಲುತ್ತದೆಯೇ? ಬಂಡೆಯ ಮೇಲೇ ಉಳಿದು ಮುಂದಿನ ಇಳಿತದವರೆಗೆ, ಅಂದರೆ ಬೆಳಗಿನವರೆಗೆ ಕೂತವರನ್ನು ಪಂಥ ಪುಣ್ಯವಂತರು ಅನ್ನುತ್ತದೆಯೋ ಮೈಲಿಗೆಯವರು ಅನ್ನುತ್ತದೆಯೋ?

ಎರಡನೆಯದು ಇನ್ನೂ ಆಳದ್ದು. ಅಷ್ಟಮಿಯ ಆಸುಪಾಸಿನ ದಿನಗಳಲ್ಲಿ ನೀರು ಸಾಕಷ್ಟು ಸರಿಯುವುದಿಲ್ಲ, ಕೇಳ್ಗಲ್ಲಿನ ದಾರಿ ತೆರೆಯುವುದೇ ಇಲ್ಲ. ಹಾಗಾದರೆ ಆ ದಿನಗಳಲ್ಲಿ ಸತ್ತವರ ದನಿ ಎಲ್ಲಿಗೆ ಹೋಯಿತು? ಯಾರೂ ಕೇಳಿಸಿಕೊಳ್ಳಲಿಲ್ಲವಲ್ಲ. ನಿಮ್ಮ ಪಂಥದ ಹಿರಿಯರು ಈ ಪ್ರಶ್ನೆಗೆ ಉತ್ತರ ಹೇಳಲೇಬೇಕಾಗುತ್ತದೆ, ಯಾಕೆಂದರೆ ಅಷ್ಟಮಿಯ ದಿನ ಗಂಡನನ್ನು ಕಳೆದುಕೊಂಡ ಹೆಂಗಸು ಅವರ ಬಾಗಿಲಿಗೆ ಬಂದು ನಿಲ್ಲುತ್ತಾಳೆ. ಒಬ್ಬರು, ಆ ದನಿಗಳು ಕಾದಿದ್ದು ಅಮಾವಾಸ್ಯೆಗೆ ಬರುತ್ತವೆ ಅನ್ನಬಹುದು. ಇನ್ನೊಬ್ಬರು, ಅವು ಕಳೆದೇ ಹೋದವು, ಅದಕ್ಕೇ ಆ ದಿನಗಳಲ್ಲಿ ಕಡಲಿಗೆ ಇಳಿಯಬಾರದು ಅನ್ನಬಹುದು. ಮೂರನೆಯವರು ದೋಣಿಯಲ್ಲಿ ಬಂಡೆಗೆ ಹೋಗಿ ಕೇಳೋಣ ಅನ್ನಬಹುದು. ದೋಣಿಯಲ್ಲಿ ಹೋದವರ ಕಾಲಿಗೆ ಮರಳು ತಾಗಿಲ್ಲ, ಅವರು ಕೇಳಿದ್ದು ಕೇಳಿಕೆಯೇ ಅಲ್ಲ ಎಂದು ಮೊದಲಿನವರು ಸಿಡಿದೇಳಬಹುದು. ಪಂಥ ಒಡೆಯುವುದು ಹೀಗೆ. ಹೊರಗಿನ ಖಳನಾಯಕ ಬಂದು ಒಡೆಯುವುದಕ್ಕಿಂತ ಇದು ಎಷ್ಟೋ ನಿಜ.

ಮೂರನೆಯದು, ಕೆಲಸದ ಸರದಿ. ದಿನಕ್ಕೆ 50 ನಿಮಿಷ ಸರಿಯುವ ಗಡಿಯಾರಕ್ಕೆ ಬದುಕು ಕಟ್ಟಿಕೊಂಡವರು ಸೂರ್ಯನ ಗಡಿಯಾರದ ಜನರೊಂದಿಗೆ ಸಂಸಾರ ಮಾಡುವುದು ಕಷ್ಟ. ಬೆಸ್ತರ ಮನೆಯ ಮಕ್ಕಳಿಗೆ ಅದು ರೂಢಿ, ಒಕ್ಕಲುತನದ ಮನೆಯವರಿಗಲ್ಲ. ಪಂಥಕ್ಕೆ ಯಾರು ಸೇರುತ್ತಾರೆ, ಯಾರು ಸೇರಲಾರರು, ಯಾರು ಸೇರಿ ಬಿಟ್ಟುಹೋಗುತ್ತಾರೆ ಎಂಬುದೆಲ್ಲ ಇದರಿಂದಲೇ ನಿರ್ಧಾರವಾಗುತ್ತದೆ.

ಏಳು ಬೊಗಸೆ ಕಡಲನೀರು. ಕಡಲನೀರಿನ ಒಂದು ಲೀಟರಿನಲ್ಲಿ ಸುಮಾರು 35 ಗ್ರಾಂ ಉಪ್ಪಿರುತ್ತದೆ. ಏಳು ಬೊಗಸೆ ಅಂದರೆ ಹೆಚ್ಚುಕಮ್ಮಿ ಒಂದು ಲೀಟರ್. ಅಷ್ಟು ಕುಡಿದ ಹುಡುಗಿ ವಾಂತಿ ಮಾಡುತ್ತಾಳೆ. ನೀವು ಬರೆದಿರುವ ಹಾಗೆ ಕಣ್ಣುಮುಚ್ಚಿ ಶಾಂತವಾಗಿ ನಿಲ್ಲುವುದಿಲ್ಲ. ಇಲ್ಲಿ ಹಿಂದೆ ಸರಿಯಬೇಡಿ, ಬರೆಯಿರಿ. ಎಷ್ಟನೆಯ ಬೊಗಸೆಗೆ ಹೊರಬಂತು? ಬಂದದ್ದು ಮರಳಿನ ಮೇಲೆ ಬಿತ್ತೋ, ಬಂಡೆಯ ಮೇಲೆ ಬಿತ್ತೋ? ಪಕ್ಕದಲ್ಲಿ ನಿಂತ ಹಿರಿಯಳು ಸದ್ದಿಲ್ಲದೆ ಅದರ ಮೇಲೆ ಒಂದು ಹಿಡಿ ಮರಳು ಹಾಕಿ, ‘ಆರಾಯಿತು, ಇನ್ನೊಂದು’ ಎಂದಳೋ? ಆ ಹಿಡಿ ಮರಳು ಕಟ್ಟಳೆಯಲ್ಲಿ ಇರುವುದೇ, ಅಥವಾ ಅವಳ ಕರುಣೆಯೇ? ಇಷ್ಟು ಬರೆದರೆ ಹನ್ನೆರಡು ಪುಟದ ಮಂತ್ರ ಬೇಡ.

ಕಷ್ಟದ ದೀಕ್ಷೆಗೆ ಇನ್ನೊಂದು ಗುಣವೂ ಇದೆ. 1959ರಲ್ಲಿ ಎಲಿಯಟ್ ಅರನ್ಸನ್ ಮತ್ತು ಜಡ್ಸನ್ ಮಿಲ್ಸ್ ಎಂಬ ಅಮೆರಿಕದ ಇಬ್ಬರು ಮನಶ್ಶಾಸ್ತ್ರಜ್ಞರು ಒಂದು ಚರ್ಚಾಗುಂಪಿಗೆ ಸೇರಬಯಸಿದ ವಿದ್ಯಾರ್ಥಿನಿಯರಲ್ಲಿ ಕೆಲವರಿಗೆ ತುಂಬ ಮುಜುಗರದ ಪರೀಕ್ಷೆ ಕೊಟ್ಟರು, ಕೆಲವರಿಗೆ ಸುಲಭದ್ದು, ಕೆಲವರಿಗೆ ಏನೂ ಇಲ್ಲ. ಆಮೇಲೆ ಎಲ್ಲರಿಗೂ ಬೇಕೆಂದೇ ನೀರಸವಾಗಿ ಮಾಡಿದ್ದ ಚರ್ಚೆಯೊಂದನ್ನು ಕೇಳಿಸಿದರು. ಕಷ್ಟಪಟ್ಟು ಒಳಗೆ ಬಂದವರಿಗೆ ಅದೇ ಚರ್ಚೆ ಹೆಚ್ಚು ಹಿಡಿಸಿತು. ನಿಮ್ಮ ನಾಯಕಿ ಬಂಡೆಯ ಮೇಲೆ ಮೊದಲ ಸಲ ಕಿವಿಗೊಟ್ಟಾಗ ಅಲೆಯ ಸದ್ದು ಬಿಟ್ಟು ಏನೂ ಕೇಳಿಸದಿದ್ದರೆ? ಒಂದು ಲೀಟರ್ ಉಪ್ಪುನೀರು ಕುಡಿದವಳು ಅದನ್ನು ಒಪ್ಪಿಕೊಳ್ಳುತ್ತಾಳೆಯೇ? ನನಗಂತೂ ಇದೇ ನಿಮ್ಮ ಕಾದಂಬರಿಯ ಮೊದಲ ಅಧ್ಯಾಯ ಅನ್ನಿಸಿತು.

ಕೆಟ್ಟದ್ದನ್ನು ಸರಿಪಡಿಸುವ ಬಗೆಗೆ ನಮ್ಮಲ್ಲಿ ತುಂಬ ಹಳೆಯ ಮಾದರಿಗಳಿವೆ. ವೇದಕಾಲದ ಶ್ರೌತಯಜ್ಞದಲ್ಲಿ ಹೋತೃ, ಅಧ್ವರ್ಯು, ಉದ್ಗಾತೃ ಎಂಬ ಪುರೋಹಿತರ ಜೊತೆ ಬ್ರಹ್ಮ ಎಂಬ ನಾಲ್ಕನೆಯ ಋತ್ವಿಜ ಇರುತ್ತಾನೆ. ಅವನ ಮುಖ್ಯ ಕೆಲಸ ಸುಮ್ಮನೆ ಕೂತು ನೋಡುವುದು. ಉಳಿದವರು ತಪ್ಪಿದಾಗ ಸರಿಪಡಿಸುವುದು. ಛಾಂದೋಗ್ಯ ಉಪನಿಷತ್ತಿನ ನಾಲ್ಕನೆಯ ಅಧ್ಯಾಯ ಹೇಳುವಂತೆ, ಋಕ್ಕಿನಲ್ಲಿ ತಪ್ಪಾದರೆ ‘ಭೂಃ ಸ್ವಾಹಾ’ ಎಂದು ಗಾರ್ಹಪತ್ಯವೆಂಬ ಅಗ್ನಿಯಲ್ಲಿ ಆಹುತಿ. ಯಜುಸ್ಸಿನಲ್ಲಿ ತಪ್ಪಾದರೆ ‘ಭುವಃ ಸ್ವಾಹಾ’ ಎಂದು ದಕ್ಷಿಣಾಗ್ನಿಯಲ್ಲಿ. ಸಾಮದಲ್ಲಾದರೆ ‘ಸ್ವಃ ಸ್ವಾಹಾ’ ಎಂದು ಆಹವನೀಯಾಗ್ನಿಯಲ್ಲಿ. ಬ್ರಹ್ಮನೇ ನಡುವೆ ಬಾಯಿಬಿಟ್ಟರೆ ಯಜ್ಞ ಒಂಟಿಕಾಲಿನವನ ನಡಿಗೆಯಂತೆ ಮುಗ್ಗರಿಸುತ್ತದೆ ಎಂದೂ ಅಲ್ಲೇ ಇದೆ. ತಪ್ಪನ್ನು ಕಾಯುವುದಕ್ಕೇ ಒಬ್ಬನನ್ನು ನೇಮಿಸಿದ ಆಚರಣೆ ಅದು. ನಿಮ್ಮ ಗುರುವಿನ ಪಕ್ಕದಲ್ಲಿ ಅಂಥ ಒಬ್ಬರನ್ನು ಕೂರಿಸಿ. ಮಾತಾಡದವರು, ಎಲ್ಲರೂ ಹೆದರುವುದು ಅವರಿಗೇ.

ಇದಕ್ಕಿಂತ ನನಗೆ ಹತ್ತಿರದ್ದು ಪಂಢರಪುರದ ವಿಠೋಬನ ಭಕ್ತರಾದ ವಾರಕರಿಗಳದು. ಆಷಾಢದ ಏಕಾದಶಿಗೆ ಮುಟ್ಟುವಂತೆ ಆಳಂದಿಯಿಂದ ಜ್ಞಾನೇಶ್ವರರ ಪಾಲಕಿ, ದೇಹುವಿನಿಂದ ತುಕಾರಾಮರ ಪಾಲಕಿ ಪಂಢರಪುರಕ್ಕೆ ಹೊರಡುತ್ತವೆ. ಎರಡೂ ಪುಣೆಯ ಪೇಟೆಗಳಲ್ಲಿ ತಂಗುತ್ತವೆ. ಭವಾನಿ ಪೇಟೆ, ನಾನಾ ಪೇಟೆಗಳ ವಿಠೋಬನ ಗುಡಿಗಳ ಸುತ್ತ ಆ ಎರಡು ರಾತ್ರಿ ಕಾಲಿಡಲು ಜಾಗವಿರುವುದಿಲ್ಲ. ಊರು ದಾಟಿದ ಮೇಲೆ, ಸಂಜೆ ಬಯಲಿನಲ್ಲಿ ಪಾಲಕಿ ಇಳಿದಾಗ ನಡೆಯುವ ಸಮಾಜ ಆರತಿಯನ್ನು ನೀವು ಒಮ್ಮೆ ನೋಡಬೇಕು. ಪಾಲಕಿ ನಡುವೆ. ದಿಂಡಿಗಳು, ಅಂದರೆ ಒಟ್ಟಿಗೆ ನಡೆದು ಬಂದ ಭಕ್ತರ ತಂಡಗಳು, ಸುತ್ತ ನಿಂತು ಒಂದೇ ಸಮನೆ ತಾಳ ಕುಟ್ಟುತ್ತಿರುತ್ತವೆ. ಬೆಳ್ಳಿಯ ಕೋಲು ಹಿಡಿದ ಚೋಪದಾರ ಅದನ್ನು ಎತ್ತುತ್ತಾನೆ. ಅಷ್ಟು ಸಾವಿರ ತಾಳಗಳು ಒಮ್ಮೆಗೇ ನಿಲ್ಲುತ್ತವೆ. ಆದರೆ ಎಲ್ಲೋ ಒಂದು ಮೂಲೆಯಲ್ಲಿ ಒಂದು ದಿಂಡಿಯ ತಾಳ ನಿಲ್ಲದಿದ್ದರೆ, ಅವರಿಗೆ ಏನೋ ದೂರಿದೆ ಎಂದು ಅರ್ಥ. ಇಳಿದುಕೊಳ್ಳುವ ಜಾಗದ್ದೋ, ಸಾಲಿನಲ್ಲಿ ಯಾರು ಮುಂದೆ ಯಾರು ಹಿಂದೆ ಎಂಬುದೋ, ಇನ್ನೇನೋ. ಚೋಪದಾರ ಅಲ್ಲಿಗೆ ಹೋಗಿ ಕೇಳಬೇಕು. ತೀರ್ಮಾನವಾಗುವ ತನಕ ಆ ತಾಳ ನಿಲ್ಲುವುದಿಲ್ಲ, ತಾಳ ನಿಲ್ಲದೆ ಆರತಿಯಿಲ್ಲ. ಆಮೇಲೆ ಕಳೆದುಹೋದ, ಸಿಕ್ಕಿದ ವಸ್ತುಗಳ ಹೆಸರು ಕೂಗುತ್ತಾರೆ, ನಾಳೆ ಹೊರಡುವ ಹೊತ್ತು ಹೇಳುತ್ತಾರೆ, ಆರತಿಯಾಗುತ್ತದೆ.

ದೂರು ಹೇಳುವುದು ಅಲ್ಲಿ ಆಚರಣೆಗೆ ಅಡ್ಡಿಯಲ್ಲ, ಆಚರಣೆಯದೇ ಒಂದು ಭಾಗ. ಕಳೆದುಹೋದ ಚೊಂಬಿನ ಸುದ್ದಿಗೂ ದೇವರ ಎದುರೇ ಜಾಗವಿದೆ. ನಿಮ್ಮ ಅಲೆಯೊಕ್ಕಲಿನಲ್ಲಿ ಎಲ್ಲರೂ ಯಾವಾಗಲೂ ಗಂಭೀರವಾಗಿ ಮೌನವಾಗಿದ್ದಾರೆ. ಅವರ ಮೌನದೊಳಗೆ ಯಾರೋ ಒಬ್ಬರು ತಾಳ ಕುಟ್ಟುತ್ತಲೇ ಇರುವಂಥ ಒಂದು ಕಟ್ಟಳೆ ಇಡಿ. ದೀಪ ಕೆಳಗಿಡದೆ ನಿಲ್ಲುವುದಾಗಲಿ, ಬಂಡೆಗೆ ಬೆನ್ನು ಮಾಡಿ ಕೂರುವುದಾಗಲಿ, ನಿಮ್ಮ ಲೋಕಕ್ಕೆ ಒಪ್ಪುವುದು ಯಾವುದಾದರೂ ಸರಿ.

ಈಗ ಪಾಶುಪತರೆಂಬ ಹಳೆಯ ಶೈವ ಪಂಥದವರ ವಿಷಯ ಹೇಳಬೇಕು. ಕಲ್ಪನಾಲೋಕ ಬರೆಯುವವರು ಯಾರೂ ಇಷ್ಟು ವಿಚಿತ್ರವಾದದ್ದನ್ನು ಕಲ್ಪಿಸಿಕೊಂಡದ್ದನ್ನು ನಾನು ನೋಡಿಲ್ಲ, ಮತ್ತು ಇದು ನಿಮ್ಮ ಊರಿನದೇ. ಮುಂಬಯಿಯ ಜೋಗೇಶ್ವರಿ ಗುಹೆ 6ನೇ ಶತಮಾನದ್ದು. ಅಲ್ಲಿ ಲಕುಲೀಶನ ಶಿಲ್ಪವಿದೆ. ಪಾಶುಪತರು ಶಿವನ ಅವತಾರ ಎಂದು ನಂಬಿದ ಗುರು ಅವನು. ಈ ಪಂಥದವರ ಕಟ್ಟಳೆ ಪಾಶುಪತಸೂತ್ರದಲ್ಲಿದೆ. ಮೊದಲ ಹಂತದಲ್ಲಿ ಸಾಧಕ ಗುಡಿಯಲ್ಲಿರುತ್ತಾನೆ. ದಿನಕ್ಕೆ ಮೂರು ಹೊತ್ತು ಬೂದಿಯಲ್ಲಿ ಮೀಯುತ್ತಾನೆ, ಬೂದಿಯಲ್ಲೇ ಮಲಗುತ್ತಾನೆ. ನಗು, ಹಾಡು, ಕುಣಿತ, ಹುಡುಕ್ಕಾರವೆಂಬ ಗೂಳಿಯಂಥ ಕೂಗು, ನಮಸ್ಕಾರ, ಜಪ, ಇವೇ ಅವನ ಪೂಜಾಸಾಮಗ್ರಿ.

ಎರಡನೆಯ ಹಂತದಲ್ಲಿ ಅವನು ಪಂಥದ ಗುರುತುಗಳನ್ನೆಲ್ಲ ಮುಚ್ಚಿಟ್ಟು ಊರೊಳಗೆ ಹೋಗುತ್ತಾನೆ. ಅಲ್ಲಿ ಬೇಕೆಂದೇ ಹುಚ್ಚನ ಹಾಗೆ ನಡೆದುಕೊಳ್ಳಬೇಕು. ನಿದ್ದೆ ಬಾರದಿದ್ದರೂ ನಿದ್ದೆ ಹೋದವನಂತೆ ಗೊರಕೆ ಹೊಡೆಯುವುದು, ವಾತ ಬಡಿದವನಂತೆ ಮೈ ನಡುಗಿಸುವುದು, ಕುಂಟುವುದು, ಹೆಂಗಸರನ್ನು ಕಂಡಾಗ ಕಾಮಿಯಂತೆ ನಟಿಸುವುದು, ಅಸಂಬದ್ಧ ಮಾತಾಡುವುದು. ಜನ ಬೈಯಬೇಕು, ಹೊಡೆಯಬೇಕು, ಅದೇ ಉದ್ದೇಶ. ಯಾಕೆಂದರೆ ಸುಮ್ಮನೆ ಬೈದವರಿಗೆ ಇವನ ಪಾಪ ಹೋಗುತ್ತದೆ, ಅವರ ಪುಣ್ಯ ಇವನಿಗೆ ಬರುತ್ತದೆ. ಸೂತ್ರ ಇದನ್ನು ನೇರವಾಗಿಯೇ ಹೇಳುತ್ತದೆ.

ಇದರ ತರ್ಕ ಎಷ್ಟು ಬಿಗಿಯಾಗಿದೆ ಗಮನಿಸಿ. ಪಾಪಪುಣ್ಯ ಕೈಬದಲಾಯಿಸಬಲ್ಲ ವಸ್ತುಗಳು ಎಂಬ ಒಂದೇ ಮಾತನ್ನು ಒಪ್ಪಿಕೊಂಡರೆ ಉಳಿದದ್ದೆಲ್ಲ ತಾನಾಗಿ ಬರುತ್ತದೆ. ಗುರುತು ಯಾಕೆ ಮುಚ್ಚಬೇಕು? ಸಾಧು ಎಂದು ಗೊತ್ತಾದರೆ ಜನ ಕೈಮುಗಿಯುತ್ತಾರೆ, ಆಗ ವ್ಯವಹಾರವೇ ಕೆಡುತ್ತದೆ. ಇಲ್ಲಿ ಕೆಡುವುದು ಅಂದರೆ ಮರ್ಯಾದೆ ಸಿಗುವುದು! ಯಾರಾದರೂ ಅವನ ಗೊರಕೆಯ ಹಿಂದಿನ ಸಾಧಕನನ್ನು ಗುರುತಿಸಿಬಿಟ್ಟರೆ ಅವನ ಸಾಧನೆ ಅಲ್ಲಿಗೆ ನಿಂತಿತು. ಬೈದ ಬಡಪಾಯಿ ಜನರ ಗತಿ ಏನು ಎಂಬುದು ನನ್ನನ್ನು ಬಹಳ ಕಾಡುವ ಪ್ರಶ್ನೆ. ಬೀದಿಯಲ್ಲಿ ಒಬ್ಬ ಹುಚ್ಚನನ್ನು ಗದರಿದ ಹೆಂಗಸು ತನಗೆ ಗೊತ್ತೇ ಆಗದೆ ತನ್ನ ಪುಣ್ಯ ಕಳೆದುಕೊಂಡಳು. ಹೆಂಗಸರೊಡನೆ, ಶೂದ್ರರೊಡನೆ ಮಾತಾಡಬಾರದು ಎಂದೂ ಅದೇ ಸೂತ್ರದಲ್ಲಿದೆ. ಅವರು ಈ ಪಂಥಕ್ಕೆ ಸೇರುವಂತಿರಲಿಲ್ಲ, ಅದರ ಲೆಕ್ಕಕ್ಕೆ ಮಾತ್ರ ಬೇಕಾಗಿದ್ದರು. ಪಂಥದ ಬಾಗಿಲು ಯಾರಿಗೆ ಮುಚ್ಚಿದೆ, ಮುಚ್ಚಿದವರಿಂದಲೂ ಅದು ಏನು ಪಡೆಯುತ್ತಿದೆ ಎಂದು ನಿಮ್ಮ ಕೇಳ್ಗಲ್ಲಿನ ಬಗೆಗೂ ಕೇಳಿಕೊಳ್ಳಿ.

ಹಾಗೆ ಕೇಳಿಕೊಂಡರೆ ಅನ್ನದ ಪ್ರಶ್ನೆ ಬರುತ್ತದೆ. ಅಲೆಯೊಕ್ಕಲಿನವರು ಏನು ತಿನ್ನುತ್ತಾರೆ? ನಾಶಿಕದ ಗುಹೆಯಲ್ಲಿ ಉಷವದಾತ ಎಂಬ ದಾನಿಯ ಶಾಸನವಿದೆ, ಸುಮಾರು 1900 ವರ್ಷ ಹಿಂದಿನದು. ಅವನು ಭಿಕ್ಷುಗಳಿಗಾಗಿ ಮೂರು ಸಾವಿರ ಕಾರ್ಷಾಪಣ ನಾಣ್ಯಗಳನ್ನು ನೇಕಾರರ ಶ್ರೇಣಿಗಳಲ್ಲಿ, ಅಂದರೆ ಕಸುಬಿನ ಕೂಟಗಳಲ್ಲಿ, ಇಟ್ಟ. ಎರಡು ಸಾವಿರ ತಿಂಗಳಿಗೆ ನೂರಕ್ಕೆ ಒಂದರ ಬಡ್ಡಿಗೆ, ಒಂದು ಸಾವಿರ ಮುಕ್ಕಾಲಿನ ಬಡ್ಡಿಗೆ. ಅಸಲು ಮುಟ್ಟುವಂತಿಲ್ಲ, ಬಡ್ಡಿ ಮಾತ್ರ ಉಣ್ಣಬೇಕು. ಎರಡು ಸಾವಿರದ ಬಡ್ಡಿ ವರ್ಷಕ್ಕೆ 240. ಮಳೆಗಾಲ ಅಲ್ಲಿ ಕಳೆಯುವ ಇಪ್ಪತ್ತು ಭಿಕ್ಷುಗಳಿಗೆ ತಲಾ ಹನ್ನೆರಡರಂತೆ ಚೀವರದ, ಅಂದರೆ ಬಟ್ಟೆಯ ಹಣ ಎಂದು ಶಾಸನವೇ ಹೇಳುತ್ತದೆ, ಲೆಕ್ಕ ಸರಿಹೋಯಿತು. ನಿರ್ವಾಣದ ದಾರಿಯಲ್ಲಿದ್ದವರ ಬಟ್ಟೆ ನೇಕಾರರ ಬಡ್ಡಿಯಿಂದ ಬರುತ್ತಿತ್ತು. ನೇಕಾರರ ಶ್ರೇಣಿ ದಿವಾಳಿಯಾದರೆ ಸಂಘ ಬರಿಮೈ.

ನಿಮ್ಮ ಲೋಕದಲ್ಲಿ ಈ ದಾರಿ ತುಂಬ ಹರಿತವಾದದ್ದು. ಸತ್ತವನ ದನಿ ಕೇಳಿಸಿತು ಅಂದರೆ ಅವನು ಸತ್ತ ಎಂದು ಖಾತ್ರಿಯಾಯಿತು. ಆಗ ಆಸ್ತಿ ಪಾಲಾಗುತ್ತದೆ, ಸಾಲ ವಸೂಲಿಗೆ ಬರುತ್ತದೆ, ಹೆಂಡತಿ ಇನ್ನೊಂದು ಮದುವೆಯಾಗಬಹುದು ಅಥವಾ ಆಗುವಂತಿಲ್ಲ. ಹಾಗಾದರೆ ಅಲೆಯೊಕ್ಕಲು ಬರಿಯ ಗೂಢ ಪಂಥವಲ್ಲ, ಅದು ಆ ನಾಡಿನ ನ್ಯಾಯಾಲಯ. ಹಡಗಿನ ಒಡೆಯರು, ಸಾಲ ಕೊಟ್ಟವರು, ದಾಯಾದಿಗಳು ಎಲ್ಲರೂ ಅದಕ್ಕೆ ದತ್ತಿ ಬಿಡಲು ನಾ ಮುಂದು ತಾ ಮುಂದು ಅನ್ನುತ್ತಾರೆ. ಮತ್ತು ಅದು ಮಾಡಬಹುದಾದ ಅತಿ ದೊಡ್ಡ ತಪ್ಪು ಯಾವುದೆಂದು ನಿಮಗೀಗ ಹೊಳೆದಿರಬೇಕು: ಬದುಕಿರುವ ಮನುಷ್ಯನ ದನಿಯನ್ನು ಬಂಡೆಯ ಮೇಲೆ ಕೇಳಿದೆವು ಅನ್ನುವುದು. ಅವನು ಎರಡು ವರ್ಷ ಬಿಟ್ಟು ದೋಣಿಯಿಂದ ಇಳಿದು ಮನೆಗೆ ನಡೆದು ಬಂದರೆ? ಪಂಥ ತಪ್ಪನ್ನು ಒಪ್ಪುತ್ತದೆಯೋ, ಬಂದವನೇ ಸುಳ್ಳು ಅನ್ನುತ್ತದೆಯೋ? ಕೇಳಿದವಳ ದಂಡ ಏನು? ಅವಳ ಕಿವಿ ಕತ್ತರಿಸಿದರು ಎಂದು ಮಾತ್ರ ಬರೆಯಬೇಡಿ, ಅದು ಸುಲಭ. ಅವಳು ಇನ್ನು ಮುಂದೆ ಪ್ರತಿ ಇಳಿತಕ್ಕೂ ಬಂಡೆಗೆ ಹೋಗಲೇಬೇಕು, ಆದರೆ ಅವಳು ಕೇಳಿದ್ದನ್ನು ಯಾರೂ ಕೇಳಿಸಿಕೊಳ್ಳುವಂತಿಲ್ಲ ಎಂದಾದರೆ ಹೇಗೆ?

ದನಿಯ ಅರ್ಥ ಹೇಳುವುದನ್ನೂ ಗುರುವಿನ ಕೈಯಿಂದ ತೆಗೆದುಬಿಡಿ. ಹೂವಿನಹಡಗಲಿಯ ಬಳಿಯ ಮೈಲಾರದಲ್ಲಿ ಕಾರ್ಣಿಕದ ದಿನ ಹಲವು ದಿನಗಳ ಉಪವಾಸದಲ್ಲಿರುವ ಗೊರವಯ್ಯ ಬಿಲ್ಲನ್ನೇರಿ ‘ಸದ್ದಲೇ’ ಅನ್ನುತ್ತಾನೆ. ಲಕ್ಷಾಂತರ ಜನ ತಟಕ್ಕನೆ ಸುಮ್ಮನಾಗುತ್ತಾರೆ. ಒಂದೇ ಸಾಲು ನುಡಿದು ಅವನು ಮೇಲಿನಿಂದ ಬೀಳುತ್ತಾನೆ, ಕೆಳಗಿದ್ದವರು ಹಿಡಿಯುತ್ತಾರೆ. ಅವನ ಪಾಲಿನದು ಅಲ್ಲಿಗೆ ಮುಗಿಯಿತು. ಆ ಸಾಲು ಮಳೆಬೆಳೆಯದೋ ರಾಜಕೀಯದ್ದೋ ಎಂದು ಆಮೇಲೆ ಊರೂರಿನ ಕಟ್ಟೆಗಳ ಮೇಲೆ ಜನ ತಿಂಗಳುಗಟ್ಟಲೆ ಅರ್ಥ ಮಾಡುತ್ತಾರೆ. ನುಡಿದವನಿಗೂ ಅದರ ಮೇಲೆ ಅಧಿಕಾರವಿಲ್ಲ. ನಿಮ್ಮ ಗುರು ಎಲ್ಲ ದನಿಗೂ ಸರಿಯಾದ ಅರ್ಥ ಹೇಳಿಬಿಡುತ್ತಾರೆ, ಅದರಿಂದ ಓದುಗರಿಗೆ ಕೆಲಸವೇ ಉಳಿಯುವುದಿಲ್ಲ.

ಗುರುವಿನ ಅಧಿಕಾರಕ್ಕೊಂದು ಅವಧಿಯೂ ಇರಲಿ. ನಾಥಪಂಥದ ಜೋಗಿಗಳು ಹನ್ನೆರಡು ವರ್ಷಕ್ಕೊಮ್ಮೆ ತ್ರ್ಯಂಬಕೇಶ್ವರದಿಂದ ಮಂಗಳೂರಿನ ಕದ್ರಿಗೆ ನಡೆದು ಬರುತ್ತಾರೆ. ಅಲ್ಲಿ ಹೊಸ ಅರಸನಿಗೆ ಪಟ್ಟ ಕಟ್ಟುತ್ತಾರೆ, ಹಳಬ ಇಳಿಯುತ್ತಾನೆ. ಇಳಿದ ಗುರು ನಿಮ್ಮ ಕತೆಯಲ್ಲಿ ಬಹಳ ಉಪಯೋಗಕ್ಕೆ ಬಂದಾರು.

ಗುಪ್ತಭಾಷೆ ಬೇಡ. ಕೆಲವು ಮಾತುಗಳು ಹಳೆಯವಾಗಿರಲಿ, ಹೇಳುವವರಿಗೂ ಪೂರ್ತಿ ಅರ್ಥವಾಗದಿರಲಿ, ಸಾಕು.

ಕಡೆಗೆ, ಎಷ್ಟು ತೆಗೆದುಕೊಳ್ಳಬಹುದು ಎಂದು ಕೇಳಿದ್ದೀರಿ. ಒಳಗಿನ ಕಟ್ಟುಪಾಡು ಎಷ್ಟು ಬೇಕಾದರೂ ತೆಗೆದುಕೊಳ್ಳಿ: ದೂರಿಗೆ ಜಾಗ, ಸುಮ್ಮನೆ ಕೂತು ತಪ್ಪು ಕಾಯುವವರು, ಕೈಬದಲಾಗುವ ಪುಣ್ಯ. ಇವು ಯಾರೊಬ್ಬರ ಸೊತ್ತೂ ಅಲ್ಲ. ಹೊರಗಿನ ಗುರುತುಗಳ ವಿಷಯದಲ್ಲಿ ಎಚ್ಚರ ಬೇಕು. ಪಾಶುಪತರು ಇಂದು ಆ ರೂಪದಲ್ಲಿ ಇಲ್ಲ. ಆದರೆ ಗೊರವರ ಕರಿಯ ಕಂಬಳಿ, ಜೇಜುರಿಯ ಖಂಡೋಬನ ಅರಿಸಿನದ ಭಂಡಾರ, ವಾರಕರಿಯ ತುಳಸಿಮಣಿ, ಗೋವಾದ ಶಿರಗಾಂವಿಯಲ್ಲಿ ಲೈರಾಯಿ ಜಾತ್ರೆಗೆ ವ್ರತ ಹಿಡಿದು ಕೆಂಡ ಹಾಯುವ ಧೋಂಡರ ಬಣ್ಣದ ಬೆತ್ತ, ಇವೆಲ್ಲ ಇಂದಿಗೂ ಜನ ನೆಚ್ಚಿಕೊಂಡಿರುವ ವಸ್ತುಗಳು. ಅವನ್ನು ಕಿತ್ತು ಕಲ್ಪನೆಯ ಪಂಥವೊಂದರ ಮೈಮೇಲೆ, ಅದರಲ್ಲೂ ಮೋಸಗಾರರ ಮೈಮೇಲೆ ಹಾಕಿದರೆ ಅವರಿಗೆ ನೋವಾಗುತ್ತದೆ, ಓದುಗರಿಗೂ ನಿಮ್ಮ ಲೋಕ ಬಿಟ್ಟು ಜೇಜುರಿಯೇ ಕಾಣುತ್ತದೆ. ಅಲೆಯೊಕ್ಕಲಿನ ಗುರುತು ಅವರ ಕಡಲಿನಿಂದಲೇ ಹುಟ್ಟಲಿ. ಬಿಳಿ ನಿಲುವಂಗಿಯನ್ನು ಬಿಟ್ಟುಬಿಡಿ; ಉಪ್ಪುನೀರಿನಲ್ಲಿ ದಿನಕ್ಕೆರಡು ಸಲ ನಡೆಯುವವರ ಬಟ್ಟೆ ಮೊಣಕಾಲಿಗಿಂತ ಕೆಳಗೆ ಇಳಿಯುವುದಿಲ್ಲ, ಬಿಳಿಯಾಗಿ ಉಳಿಯುವುದೂ ಇಲ್ಲ.

ಮುಂದಿನ ಕರಡು ಶುರುಮಾಡುವ ಮೊದಲು ಜೋಗೇಶ್ವರಿ ಗುಹೆಗೊಮ್ಮೆ ಹೋಗಿಬನ್ನಿ. ಡೊಂಬಿವಲಿಯಿಂದ ದಾದರಿಗೆ ಬಂದು ಪಶ್ಚಿಮ ರೈಲ್ವೆಯ ಸ್ಲೋ ಲೋಕಲ್ ಹಿಡಿಯಿರಿ, ಫಾಸ್ಟ್‌ಗಳಲ್ಲಿ ಹೆಚ್ಚಿನವು ಅಲ್ಲಿ ನಿಲ್ಲುವುದಿಲ್ಲ. ಇಳಿಯಬೇಕಾದ್ದು ಪೂರ್ವದ ಕಡೆಗೆ. ಒಳಗೆ ಈಗಲೂ ದೇವಿಯ ಪೂಜೆ ನಡೆಯುತ್ತದೆ, ಹಾಗಾಗಿ ಚಪ್ಪಲಿ ಹೊರಗೆ ಬಿಡಬೇಕು. ಶಿಲ್ಪಗಳು ಬಹಳ ಸವೆದಿವೆ, ಕಣ್ಣು ಕತ್ತಲೆಗೆ ಹೊಂದಿಕೊಳ್ಳುವ ತನಕ ಕಾಯಿರಿ.